ಚಂದ್ರವಳ್ಳಿಯ ರೋಮನ್ ನಾಣ್ಯ

ರೋಮನ್ನರ ಕಾಲದ ಹಾಳೂರು ಅಂದ ಕೂಡಲೇ ನಮಗೆ ಇಟಲಿ, ಟರ್ಕಿ ನೆನಪಾಗುತ್ತೆ. ಆದರೆ ದಾವಣಗೆರೆಯ ಎಸ್.ಎಸ್. ಬಡಾವಣೆಯಿಂದ ಸುಮಾರು 60 ಕಿಲೋಮೀಟರ್ ಹೋದರೆ ರೋಮಿನ ದುಡ್ಡು ಬಂದು ತಲುಪಿದ್ದ ಊರೊಂದಿದೆ. ಅದೇ ಚಿತ್ರದುರ್ಗದ ಬೆಟ್ಟಗಳ ನಡುವಿನ ಚಂದ್ರವಳ್ಳಿ.

ಕೋಟೆ ನೋಡೋಕೆ ಹೋದವರು ಇಲ್ಲಿನ ಕೆರೆ, ಅಂಕಲಿ ಮಠದ ಗುಹೆ, ಹೆಚ್ಚೆಂದರೆ ಕದಂಬ ಮಯೂರಶರ್ಮನ ಬಂಡೆಶಾಸನ ನೋಡಿ ವಾಪಸಾಗ್ತಾರೆ. ಹಳೇ ಊರು ಇರೋದು ಕಾಲ ಕೆಳಗೆ! ಮೊದಲು ಮೈಸೂರು ಪುರಾತತ್ವ ಇಲಾಖೆಯ ಎಂ.ಎಚ್. ಕೃಷ್ಣ ಇಲ್ಲಿ ಅಗೆಸಿದರು. 1947ರಲ್ಲಿ ಮಾರ್ಟಿಮರ್ ವೀಲರ್ ಮತ್ತೆ ಅಗೆಸಿದರು. ಶಾತವಾಹನರ ಕಾಲದ ನಾಣ್ಯಗಳ ಜೊತೆ ರೋಮಿನ ಅಗಸ್ಟಸ್, ಟೈಬೀರಿಯಸ್ ಚಕ್ರವರ್ತಿಗಳ ಬೆಳ್ಳಿ ನಾಣ್ಯಗಳೂ ಈ ಊರಲ್ಲಿ ಸಿಕ್ಕಿವೆ.

ಹಾಗಾದ್ರೆ ದುರ್ಗದಲ್ಲಿ ರೋಮನ್ನರಿದ್ದರಾ? ಅಷ್ಟು ದೂರ ಹೋಗೋದು ಬೇಡ. ನಾಣ್ಯ ಕೈಯಿಂದ ಕೈಗೆ ದಾಟಿಕೊಂಡು ಬರುತ್ತೆ, ಅದರ ಜೊತೆ ರಾಜನೇ ಬರಬೇಕಾಗಿಲ್ಲ :) ಅದರ ನಿಜವಾದ ಬೆಲೆ ಬೇರೆ ಇದೆ. ನಮ್ಮ ಸಾಫ್ಟ್‌ವೇರ್ ಭಾಷೆಯಲ್ಲಿ ಹೇಳೋದಾದರೆ ಅದೊಂದು ಟೈಮ್‌ಸ್ಟ್ಯಾಂಪ್. ಟೈಬೀರಿಯಸ್ ಆಳಿದ್ದು ಕ್ರಿ.ಶ. 14ರಿಂದ 37ರವರೆಗೆ. ಅವನ ನಾಣ್ಯ ಹೂತಿದ್ದ ಮಣ್ಣಿನ ಪದರ ಕ್ರಿ.ಶ. 14ಕ್ಕಿಂತ ಹಳೆಯದಾಗಿರೋಕೆ ಸಾಧ್ಯವಿಲ್ಲ. ಆಮೇಲಿನದ್ದಾಗಿರಬಹುದು, ಅಷ್ಟೇ.

ವೀಲರ್ 1945ರಲ್ಲಿ ಪುದುಚೇರಿ ಹತ್ತಿರದ ಅರಿಕಮೇಡು ಅಗೆಸಿದ್ದರು. ಅಲ್ಲಿ ಕಾಲ ಗೊತ್ತಿದ್ದ ಇಟಲಿಯ ಪಾತ್ರೆಗಳ ಜೊತೆ, ಒಳಗಡೆ ಸುತ್ತಲೂ ಸಣ್ಣ ಗೀರುಗಳ ಅಚ್ಚಿರೋ ಒಂದು ಬಗೆಯ ತಟ್ಟೆಗಳು ಸಿಕ್ಕಿದ್ದವು. ಅಂಥದೇ ಚೂರುಗಳು ಚಂದ್ರವಳ್ಳಿಯಲ್ಲೂ, ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲೂ ಸಿಕ್ಕವು. ಬ್ರಹ್ಮಗಿರಿ ಅಂದರೆ ಅಶೋಕನ ಶಾಸನದ 'ಇಸಿಲ'. 1892ರಲ್ಲಿ ಬಿ.ಎಲ್. ರೈಸ್ ಪತ್ತೆ ಹಚ್ಚಿದ ಜಾಗ. ಅಲ್ಲಿ ಮೇಲಿನ ಪದರಕ್ಕೆ ಕಾಲ ಸಿಕ್ಕಿದ ಮೇಲೆ ಅದರ ಕೆಳಗಿನ ಬೃಹತ್ ಶಿಲಾಗೋರಿಗಳವರು, ಇನ್ನೂ ಕೆಳಗಿನ ಕಲ್ಗೊಡಲಿಯವರು, ಎಲ್ಲರ ಕಾಲವನ್ನೂ ವೀಲರ್ ಲೆಕ್ಕ ಹಾಕಿದರು. ಕಲ್ಗೊಡಲಿ ಜನರಿಗೆ ಅವರು ಕೊಟ್ಟ ಕಾಲ ತೀರಾ ಈಚಿನದು ಅಂತ ಮುಂದೆ ರೇಡಿಯೋಕಾರ್ಬನ್ ಪರೀಕ್ಷೆಗಳು ತೋರಿಸಿದವು. ಆದರೂ ದಕ್ಷಿಣ ಭಾರತದ ಚರಿತ್ರೆಗೂ ಮುಂಚಿನ ಕಾಲಕ್ಕೆ ಒಂದು ಕ್ರಮ ಸಿಕ್ಕಿದ್ದು ಇಲ್ಲಿಂದ.

ಇಷ್ಟೆಲ್ಲ ಹೇಳಿದ್ದು ಚಿನ್ನವಲ್ಲ, ಪದರದಲ್ಲಿ ತನ್ನ ಜಾಗದಲ್ಲೇ ಇದ್ದ ಚೂರುಪಾರು. ನಿಧಿ ಆಸೆಗೆ ಯಾರೋ ಒಂದು ರಾತ್ರಿ ಗುಂಡಿ ತೋಡಿದರೆ ಪದರಗಳೆಲ್ಲ ಕಲಸಿಹೋಗುತ್ತವೆ. ಆಮೇಲೆ ಅದೇ ನಾಣ್ಯ ಸಿಕ್ಕರೂ ಅದು ಬರೀ ಬೆಳ್ಳಿ. ಮುಂದಿನ ಸಲ ಬೆಂಗಳೂರು ದಾರೀಲಿ ದುರ್ಗದಲ್ಲಿ ಇಳಿದರೆ ಚಂದ್ರವಳ್ಳಿಗೂ ಹೋಗಿ ಬನ್ನಿ. ಮಡಕೆ ಚೂರು ಕಂಡರೆ ಫೋಟೋ ತೆಗೀರಿ, ಜೇಬಿಗೆ ಮಾತ್ರ ಹಾಕ್ಕೋಬೇಡಿ. ಏನಂತೀರಾ?