ಕತ್ತಲೆಕಾನಿನ ಜೌಗು: ಭಯಭಕ್ತಿ ಕಾಯ್ದ ನೀರಿನ ಚರಿತ್ರೆ

ನಿಗೂಢವಾದ ಜಲಸ್ಥಾನಗಳ ಕಲ್ಪನೆ ನಮ್ಮ ಕಾವ್ಯಪರಂಪರೆಗೆ ಹೊಸದಲ್ಲ. ರನ್ನನ ‘ಗದಾಯುದ್ಧ’ದಲ್ಲಿ ದುರ್ಯೋಧನನು ವೈಶಂಪಾಯನ ಸರೋವರವನ್ನು ಹೊಕ್ಕು ಅಡಗುತ್ತಾನೆ. ಮಹಾಭಾರತದ ಅರಣ್ಯಪರ್ವದಲ್ಲಿ ಯಕ್ಷನ ಮಾತನ್ನು ಮೀರಿ ಕೊಳದ ನೀರು ಕುಡಿದ ನಾಲ್ವರು ಪಾಂಡವರು ನೆಲಕ್ಕೊರಗುತ್ತಾರೆ. ನೀರಿಗೆ ಒಡೆಯನೊಬ್ಬನಿದ್ದಾನೆ, ಅವನನ್ನು ಕೇಳದೆ ಮುಟ್ಟಲಾಗದು ಎಂಬುದು ಯಕ್ಷನ ಕಥೆಯ ತಿರುಳು. ಕಾವ್ಯದಲ್ಲಿ ಇದು ಅದ್ಭುತರಸಕ್ಕೆ ಕಾರಣವಾಯಿತು. ನಾಡಿನ ಚರಿತ್ರೆಯಲ್ಲಿ ಇದೇ ನಂಬಿಕೆ ಬಹುಕಾಲ ಕಾಯಿದೆಯ ಕೆಲಸವನ್ನೇ ಮಾಡಿತು. ಉತ್ತರ ಕನ್ನಡ ಜಿಲ್ಲೆಯ ಸಿದ್ದಾಪುರ ತಾಲ್ಲೂಕಿನ ಕತ್ತಲೆಕಾನು ಇದಕ್ಕೊಂದು ನಿದರ್ಶನ.

ಶರಾವತಿಯ ಕಣಿವೆಗೆ ಸೇರಿದ ಈ ಕಾಡಿನ ಹೆಸರೇ ಅದರ ವರ್ಣನೆ. ಹಗಲಿನಲ್ಲೂ ಬಿಸಿಲು ನೆಲಕ್ಕೆ ಇಳಿಯದಷ್ಟು ದಟ್ಟವಾದ ಕಾನು ಅದು. ಅದರೊಳಗೆ ತೊರೆಗಳು ಹುಟ್ಟುವ ತಗ್ಗುಗಳಲ್ಲಿ ಸಿಹಿನೀರಿನ ಜೌಗುನೆಲವಿದೆ. ಅಲ್ಲಿ ಬೆಳೆದು ನಿಂತಿರುವವು ಜಾಯಿಕಾಯಿ, ರಾಮಪತ್ರೆಗಳ ಕುಲದ ಮರಗಳು. ಕೆಸರಿನೊಳಗೆ ಗಾಳಿ ಸಾಲದ ಕಾರಣ ಅವುಗಳ ಬೇರುಗಳು ಮಡಿಸಿದ ಮೊಣಕಾಲಿನಂತೆ ನೀರಿನಿಂದ ಮೇಲೆದ್ದು ಉಸಿರಾಡುತ್ತವೆ. ಕೆಲವು ಮರಗಳು ಕಾಂಡದಿಂದ ಊರುಗೋಲಿನಂಥ ಬೇರುಗಳನ್ನು ಇಳಿಬಿಟ್ಟು ನಿಲ್ಲುತ್ತವೆ. ತೊಗಟೆಗೆ ಕತ್ತಿ ತಾಗಿದರೆ ನೆತ್ತರಿನಂತೆ ಕೆಂಪು ರಸ ಒಸರುತ್ತದೆ. ಮೇಲೆ ಸಿಂಗಳೀಕಗಳ ಕೂಗು, ಕೆಳಗೆ ಕತ್ತಲೆ ಮತ್ತು ಕೆಸರು. ಇಂಥ ಎಡೆಯಲ್ಲಿ ದೈವವಿದೆ ಎಂದು ನಂಬುವುದು ಮನುಷ್ಯನಿಗೆ ಸಹಜವೇ ಸರಿ.

ಮಲೆನಾಡಿನಲ್ಲಿ ‘ಕಾನು’ ಎಂದರೆ ಕೇವಲ ಕಾಡಲ್ಲ. ಊರಿನವರು ದೇವರ ಹೆಸರಿನಲ್ಲಿ ಕಾಯ್ದುಕೊಂಡು ಬಂದ ನಿತ್ಯಹಸುರಿನ ವನಗಳಿಗೂ ಅದೇ ಹೆಸರು. 1801ರಲ್ಲಿ ಕನ್ನಡ ಜಿಲ್ಲೆಯಲ್ಲಿ ಸಂಚರಿಸಿದ ಫ್ರಾನ್ಸಿಸ್ ಬುಕಾನನ್, ಕಾಡುಗಳು ಗ್ರಾಮದೇವತೆಗಳ ಸ್ವತ್ತೆಂದೂ ಅಪ್ಪಣೆ ಪಡೆಯದೆ ಅಲ್ಲಿ ಮರ ಕಡಿಯುವಂತಿಲ್ಲವೆಂದೂ ಜನರು ಹೇಳಿದುದನ್ನು ದಾಖಲಿಸಿದ್ದಾನೆ. ಆದರೆ ಜನರು ಕಾನನ್ನು ಭಯದಿಂದ ಮಾತ್ರ ಉಳಿಸಲಿಲ್ಲ; ಅದರ ನೆರಳಿನಲ್ಲಿ ಕಾಳುಮೆಣಸಿನ ಬಳ್ಳಿಯೂ ಬೆಳೆಯುತ್ತಿತ್ತು. 1552ರಿಂದ 1606ರವರೆಗೆ ಗೇರುಸೊಪ್ಪೆಯನ್ನಾಳಿದ ರಾಣಿ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು ‘ಕಾಳುಮೆಣಸಿನ ರಾಣಿ’ ಎಂದು ಕರೆದುದು ಇದೇ ಸೀಮೆಯ ಸಂಪತ್ತಿನಿಂದಾಗಿ. ಹೀಗೆ ಭಕ್ತಿಯೂ ಬದುಕೂ ಕೂಡಿ ಮರವನ್ನು ಕಾಯ್ದವು, ಮರ ನೀರನ್ನು ಕಾಯ್ದಿತು.

ಬ್ರಿಟಿಷರ ಆಳ್ವಿಕೆಯಲ್ಲಿ ಈ ಒಪ್ಪಂದ ಸಡಿಲಿತು. 1878ರ ಅರಣ್ಯ ಕಾಯಿದೆಯ ನಂತರ ಕಾಡಿನ ಒಡೆತನ ದೇವರಿಂದಲೂ ಊರಿನಿಂದಲೂ ಸರ್ಕಾರದ ಕಡೆಗೆ ಸರಿಯಿತು. ಕಾಯುವ ಹಕ್ಕು ಕೈತಪ್ಪಿದ ಮೇಲೆ ಕಾಯುವ ಹೊಣೆಯೂ ಕಳಚಿತು. ತಗ್ಗಿನ ಜೌಗುಗಳು ಅಲ್ಲಲ್ಲಿ ಗದ್ದೆಗಳಾದವು, ಅಡಿಕೆ ತೋಟಗಳಾದವು. ವರ್ಷವಿಡೀ ತೊರೆಗೆ ನೀರೂಡುತ್ತಿದ್ದ ಸ್ಪಂಜಿನಂಥ ನೆಲ ಹೀಗೆ ಕಿರಿದಾಗುತ್ತ ಬಂದಿತು. ಉಳಿದುದರ ಬೆಲೆ ತಿಳಿದದ್ದು ತಡವಾಗಿ. ಕೇರುಮರದ ಹತ್ತಿರದ ಸಂಬಂಧಿಯಾದ, ವಿಜ್ಞಾನಕ್ಕೆ ಹೊಸದಾದ ಒಂದು ವೃಕ್ಷವನ್ನು ಸಸ್ಯಶಾಸ್ತ್ರಜ್ಞರು 2000ದಲ್ಲಿ ಇಲ್ಲಿಂದಲೇ ವರ್ಣಿಸಿ, ಅದರ ಶಾಸ್ತ್ರೀಯ ನಾಮದಲ್ಲಿ ಕತ್ತಲೆಕಾನಿನ ಹೆಸರನ್ನೇ ಸೇರಿಸಿದರು. ಹಳ್ಳಿಗರು ಇಟ್ಟ ಕನ್ನಡದ ಹೆಸರೊಂದು ಹೀಗೆ ಲೋಕದ ಸಸ್ಯಕೋಶವನ್ನು ಸೇರಿತು.

ತಿಗನಾರೆಯಲ್ಲಿ ಕುಳಿತು ದೂರದ ಸಿದ್ದಾಪುರವನ್ನು ನೆನೆಯುವುದೇಕೆ ಎಂದು ಓದುಗರು ಕೇಳಬಹುದು. 1956ರ ನವೆಂಬರ್ 1ರಂದು ಉತ್ತರ ಕನ್ನಡವೂ ನೆರೆಯ ಕೊಳ್ಳೇಗಾಲವೂ ಮೈಸೂರು ರಾಜ್ಯವನ್ನು ಸೇರಿದವು. ನಮ್ಮ ತಾಳವಾಡಿ ಸೀಮೆ ಮದರಾಸು ರಾಜ್ಯದಲ್ಲೇ ಉಳಿಯಿತು. ಗಡಿ ಜನರನ್ನು ಹಂಚಿತೇ ಹೊರತು ನೀರನ್ನು ಹಂಚಲಿಲ್ಲ. ನಮ್ಮ ಬೆಟ್ಟಗಳ ತೆಂಕಣ ಇಳಿಜಾರಿನ ನೀರು ಮೋಯಾರಿಗೆ ಸೇರುತ್ತದೆ, ಬಡಗಣದ್ದು ಸುವರ್ಣಾವತಿಯ ಕಡೆಗೆ ಹರಿಯುತ್ತದೆ. ಎರಡೂ ಕೊನೆಗೆ ಕಾವೇರಿಯ ಪಾಲು. ನೆರೆಯ ಬಿಳಿಗಿರಿರಂಗನ ಬೆಟ್ಟದ ಸೋಲಿಗರು ತಮ್ಮ ಪವಿತ್ರ ತಾಣಗಳಲ್ಲಿ ‘ಅಬ್ಬಿ’ ಎಂಬುದನ್ನೂ ಎಣಿಸುತ್ತಾರೆ. ಅದು ನೀರಿನ ತಾಣ. ಕತ್ತಲೆಕಾನನ್ನು ಕಾಯ್ದ ಭಾವವೇ ಇಲ್ಲಿಯೂ ಇದೆ.

ಸತ್ಯಮಂಗಲದ ಅರಣ್ಯ 2013ರಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಯಿತು. ಮರಮೃಗಗಳಿಗೆ ಕಾಯಿದೆಯ ರಕ್ಷಣೆ ದೊರೆತಿದೆ. ಆದರೆ ಹಳ್ಳ, ಕೊಳ, ಮಡು, ತೋಪುಗಳ ಹೆಸರುಗಳಿಗೂ ಅವುಗಳ ಸ್ಥಳಕಥೆಗಳಿಗೂ ಯಾವ ಕಾಯಿದೆಯೂ ಇಲ್ಲ. ಅವು ಹಿರಿಯರ ನಾಲಗೆಯ ಮೇಲೆ, ಕನ್ನಡದಲ್ಲಿ, ಉಳಿದಿವೆ. ಹೆಸರು ಮರೆತ ಹಳ್ಳವನ್ನು ಮುಚ್ಚುವುದು ಸುಲಭ. ಆದುದರಿಂದ ನಮ್ಮ ಸಂಘವು ತಾಳವಾಡಿ ಸೀಮೆಯ ಪ್ರತಿ ಊರಿನಲ್ಲೂ ಶಾಲಾಮಕ್ಕಳ ಕೈಯಿಂದ ಈ ಹೆಸರುಗಳನ್ನೂ ಕಥೆಗಳನ್ನೂ ಬರೆಯಿಸಿ, ಮುಂದಿನ ಸಮ್ಮೇಳನದ ವೇಳೆಗೆ ಒಂದು ಕಿರುಹೊತ್ತಗೆಯಾಗಿ ಹೊರತರಬೇಕೆಂದು ವಿನಂತಿಸುತ್ತೇನೆ. ಹೇಳುವವರು ಇನ್ನೂ ನಮ್ಮ ನಡುವೆ ಇದ್ದಾರೆ.