ಮರಗಳ ಮೇಲೆ ಗಾಜಿನ ಸೂರು

ಇವತ್ತು 1850ರ ಲಂಡನ್‌ಗೆ ಹೋಗೋಣ. ಮರುವರ್ಷ ಮೇ 1ಕ್ಕೆ ಹೈಡ್ ಪಾರ್ಕ್‌ನಲ್ಲಿ ಜಾಗತಿಕ ವಸ್ತುಪ್ರದರ್ಶನ ಶುರುವಾಗಬೇಕು. ಸ್ಪರ್ಧೆಗೆ 245 ವಿನ್ಯಾಸಗಳು ಬಂದವು, ಒಂದನ್ನೂ ಕಟ್ಟಲಿಲ್ಲ. ಸಮಿತಿಯೇ ತಯಾರಿಸಿದ ಇಟ್ಟಿಗೆ ಕಟ್ಟಡದ ನಕ್ಷೆ ನೋಡಿ ಜನ ರೇಗಿದರು: ಪಾರ್ಕ್ ಹಾಳಾಗುತ್ತೆ, ಎಲ್ಮ್ ಮರಗಳು ಹೋಗುತ್ತವೆ ಅಂತ.

ಆಗ ತೋಟಗಾರ ಜೋಸೆಫ್ ಪ್ಯಾಕ್ಸ್‌ಟನ್ ಗಾಜು-ಕಬ್ಬಿಣದ ಕಟ್ಟಡ ಸೂಚಿಸಿದರು. ಒಂದೇ ಅಳತೆಯ ಬಿಡಿಭಾಗಗಳನ್ನು ಬೇರೆಡೆ ಮಾಡಿ ತಂದು ಜೋಡಿಸೋದು, ಮೇಳ ಮುಗಿದ ಮೇಲೆ ಬಿಚ್ಚೋದು. ದೊಡ್ಡ ಎಲ್ಮ್‌ಗಳು ಒಳಗೇ ನಿಲ್ಲಲಿ ಅಂತ ನಡುವೆ ಎತ್ತರದ ಕಮಾನು ಚಾವಣಿ ಸೇರಿಸಿದರು. ಮಹಡಿ ಭಾರ ತಡೆಯುತ್ತಾ ಅಂತ ಸೈನಿಕರನ್ನು ನಡೆಸಿ ನೋಡಿದರು. ನಮ್ಮ ಭಾಷೆಯಲ್ಲಿ ಲೋಡ್ ಟೆಸ್ಟ್! ಹೇಳಿದ ದಿನವೇ ಬಾಗಿಲು ತೆರೆಯಿತು.

ನನಗೆ ಹಿಡಿಸಿದ್ದು ಇಷ್ಟು: ತಕರಾರು ಎತ್ತಿದವರಿಂದಲೇ ಆ ಕಟ್ಟಡಕ್ಕೆ ಅದರ ಅತಿ ಚೆಂದದ ಭಾಗ ಸಿಕ್ಕಿತು.