ಮಯೋಸೈಟಿಸ್ ಆಸಿಫಿಕನ್ಸ್

ಮಯೋಸೈಟಿಸ್ ಆಸಿಫಿಕನ್ಸ್ ಎಂಬುದು ಪೆಟ್ಟಿನ ನಂತರ ಸ್ನಾಯು ಅಥವಾ ಇತರ ಮೃದು ಅಂಗಾಂಶದೊಳಗೆ ಮೂಳೆ ಬೆಳೆಯುವ ಸ್ಥಿತಿ. ಇದು ಕ್ಯಾನ್ಸರ್ ಅಲ್ಲ. ದೇಹದ ಬೇರೆ ಭಾಗಗಳಿಗೆ ಹರಡುವುದಿಲ್ಲ. ಹದಿಹರೆಯದವರಲ್ಲಿ ಮತ್ತು ತರುಣರಲ್ಲಿ ಹೆಚ್ಚಾಗಿ ಕಾಣಿಸಿಕೊಳ್ಳುತ್ತದೆ. ತೊಡೆಯ ಮುಂಭಾಗದ ಕ್ವಾಡ್ರಿಸೆಪ್ಸ್ ಮತ್ತು ಮೊಣಕೈ ಮುಂದಿನ ಬ್ರೇಕಿಯಾಲಿಸ್ ಸ್ನಾಯುಗಳು ಇದರ ಸಾಮಾನ್ಯ ನೆಲೆಗಳು.

ಹೆಸರು

ಗ್ರೀಕ್ ಮೂಲದ 'ಮಯೋಸೈಟಿಸ್' ಎಂದರೆ ಸ್ನಾಯುವಿನ ಉರಿಯೂತ. ಲ್ಯಾಟಿನ್ ಮೂಲದ 'ಆಸಿಫಿಕನ್ಸ್' ಎಂದರೆ ಮೂಳೆಯಾಗುವ. ಇದು ಮೂಲತಃ ಉರಿಯೂತದ ಕಾಯಿಲೆಯಲ್ಲವಾದ್ದರಿಂದ ಹೆಸರು ಅಷ್ಟು ಸರಿಯಲ್ಲದಿದ್ದರೂ ಬಳಕೆಯಲ್ಲಿ ಉಳಿದಿದೆ. ಇದೇ ಹೆಸರನ್ನು ಹೋಲುವ ಮಯೋಸೈಟಿಸ್ ಆಸಿಫಿಕನ್ಸ್ ಪ್ರೊಗ್ರೆಸಿವಾ ಬೇರೆಯದೇ ಆದ, ಬಹಳ ವಿರಳವಾದ ಆನುವಂಶಿಕ ರೋಗ. ಅದಕ್ಕೆ ಕಾರಣವಾದ ಎ.ಸಿ.ವಿ.ಆರ್.1 ಜೀನಿನ ದೋಷವು 2006ರಲ್ಲಿ ಪತ್ತೆಯಾಯಿತು.

ಬೆಳವಣಿಗೆ

ಬಲವಾದ ಪೆಟ್ಟಿನಿಂದ ಸ್ನಾಯುವಿನೊಳಗೆ ರಕ್ತ ಹೆಪ್ಪುಗಟ್ಟುತ್ತದೆ. ದುರಸ್ತಿಗೆಂದು ಸೇರುವ ಜೀವಕೋಶಗಳಲ್ಲಿ ಕೆಲವು ಮೂಳೆ ಕಟ್ಟುವ ಕೋಶಗಳಾಗಿ ಮಾರ್ಪಡುತ್ತವೆ. ಮೂಳೆ ಹೊರ ಅಂಚಿನಲ್ಲಿ ಮೊದಲು ಬಲಿಯುತ್ತದೆ. ನಡುಭಾಗ ಬಹುಕಾಲ ಎಳೆಯದಾಗಿಯೇ ಇರುತ್ತದೆ. ಈ ವಲಯ ರಚನೆಯ ಮಹತ್ತ್ವವನ್ನು ಅಮೆರಿಕದ ರೋಗವಿಜ್ಞಾನಿ ಲಾರೆನ್ ಆಕರ್‌ಮನ್ 1958ರಲ್ಲಿ ವಿವರಿಸಿದರು.

ಲಕ್ಷಣಗಳು ಮತ್ತು ರೋಗನಿರ್ಣಯ

ಸಾಧಾರಣ ಪೆಟ್ಟಿನ ನೋವು ದಿನಕಳೆದಂತೆ ಇಳಿಯುತ್ತದೆ. ಇಲ್ಲಿ ಹಾಗಾಗದೆ ನೋವು ಮತ್ತು ಊತ ಉಳಿದು, ಗಟ್ಟಿಯಾದ ಗಂಟು ಕೈಗೆ ಸಿಗುತ್ತದೆ; ಹತ್ತಿರದ ಕೀಲು ಬಿಗಿಯುತ್ತದೆ. ಮೊದಲ ಎರಡು ವಾರಗಳಲ್ಲಿ ಎಕ್ಸ್-ರೇಯಲ್ಲಿ ಬಹುಶಃ ಏನೂ ಕಾಣುವುದಿಲ್ಲ. ಎರಡರಿಂದ ನಾಲ್ಕು ವಾರಗಳಲ್ಲಿ ಮಸುಕಾದ ಸುಣ್ಣದ ಛಾಯೆ ಮೂಡಿ, ಆರರಿಂದ ಎಂಟು ವಾರಗಳಲ್ಲಿ ಅಂಚು ಸ್ಪಷ್ಟವಾಗುತ್ತದೆ. ಸಿ.ಟಿ. ಸ್ಕ್ಯಾನಿನಲ್ಲಿ ಇದು ಮೊಟ್ಟೆಯ ಚಿಪ್ಪಿನಂತೆ ತೋರುತ್ತದೆ.

ಎಳೆಯ ಹಂತದಲ್ಲಿ ಗಂಟಿನ ನಡುವಿನಿಂದ ಮಾತ್ರ ತುಣುಕು ತೆಗೆದು ಪರೀಕ್ಷಿಸಿದರೆ ಅದನ್ನು ಆಸ್ಟಿಯೋಸಾರ್ಕೋಮಾ ಎಂಬ ಮೂಳೆ ಕ್ಯಾನ್ಸರ್ ಎಂದು ತಪ್ಪಾಗಿ ತಿಳಿಯುವ ಅಪಾಯವಿದೆ. ಆಸ್ಟಿಯೋಸಾರ್ಕೋಮಾದಲ್ಲಿ ಸಾಮಾನ್ಯವಾಗಿ ನಡುಭಾಗ ಹೆಚ್ಚು ಗಟ್ಟಿಯಾಗಿದ್ದು ಅಂಚು ಎಳೆಯದಾಗಿರುತ್ತದೆ. ಪೆಟ್ಟು ಬಿದ್ದ ನೆನಪಿದ್ದ ಮಾತ್ರಕ್ಕೆ ಕ್ಯಾನ್ಸರ್ ಇಲ್ಲವೆಂದು ಹೇಳಲಾಗದು. ಆದುದರಿಂದ ಕೆಲವು ವಾರಗಳ ಅಂತರದಲ್ಲಿ ಮತ್ತೆ ಚಿತ್ರ ತೆಗೆಸಿ ಹೋಲಿಸುವುದು ಮುಖ್ಯ.

ಚಿಕಿತ್ಸೆ

ಆರಂಭದಲ್ಲಿ ವಿಶ್ರಾಂತಿ, ತಣ್ಣನೆಯ ಪಟ್ಟಿ, ಒತ್ತುಕಟ್ಟು ಮತ್ತು ಅಂಗವನ್ನು ಎತ್ತರದಲ್ಲಿಡುವುದು ಕ್ರಮ. ನೋವು ಇಳಿದ ಮೇಲೆ ರೋಗಿಯು ತಾನೇ ಮೆಲ್ಲನೆ ಕೀಲನ್ನು ಆಡಿಸಬೇಕು. ಬೇರೆಯವರು ಬಲವಂತವಾಗಿ ಬಗ್ಗಿಸಬಾರದು. ಹೆಚ್ಚಿನವು ಶಸ್ತ್ರಚಿಕಿತ್ಸೆಯಿಲ್ಲದೆ ಶಮನವಾಗುತ್ತವೆ. ಕೆಲವು ಗಂಟುಗಳು ತಾವಾಗಿಯೇ ಕರಗುತ್ತವೆ. ಕೀಲು ಬಿಗಿದೇ ಉಳಿದರೆ ಅಥವಾ ನರ ಒತ್ತಿದರೆ ಮಾತ್ರ, ಮೂಳೆ ಪೂರ್ಣವಾಗಿ ಬಲಿತ ಬಳಿಕ, ಸಾಮಾನ್ಯವಾಗಿ ಆರು ತಿಂಗಳಿಂದ ಒಂದು ವರ್ಷದ ನಂತರ, ಶಸ್ತ್ರಚಿಕಿತ್ಸೆ ಮಾಡುತ್ತಾರೆ. ಎಳೆಯದಿರುವಾಗಲೇ ತೆಗೆದರೆ ಮರುಕಳಿಸುವ ಸಂಭವ ಹೆಚ್ಚು.

ನಾಟಿ ಪದ್ಧತಿ ಮತ್ತು ಎಚ್ಚರಿಕೆ

ಕರ್ನಾಟಕದ ಹಳ್ಳಿಗಳಲ್ಲಿ ಉಳುಕಿದ ಅಥವಾ ಮುರಿದ ಅಂಗಕ್ಕೆ ನಾಟಿ ವೈದ್ಯರಿಂದ ಎಣ್ಣೆ ಹಚ್ಚಿ ನೀವಿಸಿ, ಬಿದಿರಿನ ದಬ್ಬೆ ಕಟ್ಟಿಸುವ ರೂಢಿ ಹಳೆಯದು. ಆಂಧ್ರದ ಪುತ್ತೂರಿನ ಕಟ್ಟು ಗಡಿಯಾಚೆಗೂ ಹೆಸರುವಾಸಿ. ಆದರೆ ಮೊಣಕೈ ಮುರಿತ ಅಥವಾ ಕೀಲು ತಪ್ಪಿದ ನಂತರ ನೀವುವುದು ಈ ಸ್ಥಿತಿಗೆ ಪ್ರಮುಖ ಕಾರಣಗಳಲ್ಲೊಂದೆಂದು ಭಾರತದ ಮೂಳೆವೈದ್ಯ ಪಠ್ಯಗಳು ಎಚ್ಚರಿಸುತ್ತವೆ. ದಾವಣಗೆರೆ ಜಿಲ್ಲೆಯ ಚನ್ನಗಿರಿ ತಾಲ್ಲೂಕಿನ ಉಬ್ರಾಣಿಯಂತಹ ಅಡಿಕೆ ಸೀಮೆಯಲ್ಲಿ ಮರದಿಂದ ಬೀಳುವುದು, ಕಬಡ್ಡಿ ಅಂಕಣದಲ್ಲಿ ತೊಡೆಗೆ ಮಂಡಿ ತಾಗುವುದು ಇಂತಹ ಪೆಟ್ಟುಗಳಿಗೆ ದಾರಿಯಾಗಬಲ್ಲವು. ಬಿದ್ದ ಮಗುವಿನ ಮೊಣಕೈ ಊದಿಕೊಂಡಿದ್ದರೆ ನೀವದೆ, ಎಳೆಯದೆ, ಇದ್ದ ಸ್ಥಿತಿಯಲ್ಲೇ ಆಧಾರ ಕೊಟ್ಟು ಆಸ್ಪತ್ರೆಗೆ ಒಯ್ದು ಎಕ್ಸ್-ರೇ ತೆಗೆಸುವುದು ಸುರಕ್ಷಿತ.